ಮೂಕಚಿತ್ರಕ್ಕೆ ಒದಗಿದ ಮಾತು

ಪರರು ರಚಿಸಿದ ಚಿತ್ರಕ್ಕೆ ತನ್ನ ಮಾತನ್ನು ತೊಡಿಸುವ ಕಸುಬನ್ನು ಲೋಕವು ಎರಡನೆಯ ಪಂಕ್ತಿಯಲ್ಲಿ ಕುಳ್ಳಿರಿಸುವುದೇ ರೂಢಿ. ಅನುವಾದಕನಿಗೆ ಸಲ್ಲುವಷ್ಟು ಮನ್ನಣೆಯೂ ಅದಕ್ಕೆ ಸಲ್ಲುವುದಿಲ್ಲ. ಆದರೆ ಇಂಗ್ಲೆಂಡಿನ ಮಕ್ಕಳ ಟೆಲಿವಿಷನ್ನಿನಲ್ಲಿ ಎರಿಕ್ ಥಾಂಪ್ಸನ್ ಎಂಬ ನಟನು 1965ರಿಂದ ನಡೆಯಿಸಿದ ಕೃಷಿಯನ್ನು ಬಲ್ಲವರಿಗೆ, ಆ ಕಸುಬಿನ ಒಳಗೇ ಸ್ವತಂತ್ರ ಸೃಷ್ಟಿಗೆ ಎಷ್ಟು ಎಡೆಯುಂಟೆಂಬುದು ಮನದಟ್ಟಾಗದೆ ಇರದು.

ಲಿಂಕನ್‌ಶೈರ್ ಪ್ರಾಂತದ ಸ್ಲೀಫರ್ಡ್ ಪಟ್ಟಣದಲ್ಲಿ 1929ರಲ್ಲಿ ಜನಿಸಿದ ಥಾಂಪ್ಸನ್ನನು ಮೂಲತಃ ರಂಗಭೂಮಿಯವನು. 1964ರ ಏಪ್ರಿಲ್‌ನಲ್ಲಿ ಬಿಬಿಸಿಯ ಎರಡನೆಯ ವಾಹಿನಿಯು ಆರಂಭವಾಗಬೇಕಾದ ರಾತ್ರಿ ಲಂಡನ್ನಿನಲ್ಲಿ ವಿದ್ಯುತ್ತು ಕೈಕೊಟ್ಟು, ಸಿದ್ಧವಾಗಿದ್ದ ಸಂಭ್ರಮವೆಲ್ಲ ಕತ್ತಲಲ್ಲಿ ಕರಗಿಹೋಗಲು, ಮರುದಿನ ಬೆಳಿಗ್ಗೆ ‘ಪ್ಲೇ ಸ್ಕೂಲ್’ ಎಂಬ ಶಿಶುಗಳ ಕಾರ್ಯಕ್ರಮದಿಂದಲೇ ಆ ವಾಹಿನಿಯು ಕಣ್ದೆರೆಯಿತು. ಅದರ ನಿರೂಪಕರಲ್ಲಿ ಥಾಂಪ್ಸನ್ನನೂ ಒಬ್ಬನಾದನು. ಯಂತ್ರದ ಆಚೆ ಲಕ್ಷ ಮಕ್ಕಳಿಲ್ಲ, ಒಂದೇ ಮಗು ಕುಳಿತಿದೆ ಎಂಬ ಭಾವದಿಂದ ಮಾತನಾಡುವ ಅಭ್ಯಾಸವು ಅಲ್ಲಿ ಆತನಿಗೆ ಕೈಗೂಡಿತೆಂದು ನನ್ನ ನಂಬಿಕೆ.

ಅದೇ ವರ್ಷ ಫ್ರಾನ್ಸಿನಲ್ಲಿ ಸೆರ್ಜ್ ದಾನೋ ಎಂಬಾತನು ‘ಮಾಯಾ ತಿರುಗಣಿ’ ಎಂದು ಕನ್ನಡಿಸಬಹುದಾದ ಹೆಸರಿನ ಗೊಂಬೆಚಿತ್ರಮಾಲೆಯನ್ನು ಹೊರತಂದಿದ್ದನು. ಗೊಂಬೆಯನ್ನು ಕೂದಲೆಳೆಯಷ್ಟು ಸರಿಸಿ, ಒಂದು ಚಿತ್ರ ತೆಗೆದು, ಮತ್ತೆ ಸರಿಸಿ, ಹೀಗೆ ಸಾವಿರಾರು ಸಲ ಮಾಡಿದರೆ ಐದು ನಿಮಿಷದ ಕಥೆ. ಅದರಲ್ಲಿ ಪೊಲಕ್ಸ್ ಎಂಬ ನಾಯಿಯೊಂದುಂಟು. ಮೈತುಂಬ ಜೋಲುವ ರೋಮದಡಿ ಕಾಲುಗಳೇ ಕಾಣದೆ, ನೆಲ ಗುಡಿಸುವ ಕುಂಚದಂತೆ ತೇಲಿಬರುವ ಪ್ರಾಣಿ. ಫ್ರೆಂಚ್ ಮೂಲದಲ್ಲಿ ಅದು ಇಂಗ್ಲಿಷರ ಉಚ್ಚಾರದಲ್ಲಿ ಫ್ರೆಂಚನ್ನಾಡುವುದೇ ಒಂದು ವಿನೋದ. ಆ ವಿನೋದವನ್ನು ಇಂಗ್ಲಿಷಿಗೆ ಸಾಗಿಸುವುದೆಂತು?

ಥಾಂಪ್ಸನ್ನನು ಸಾಗಿಸುವ ಗೋಜಿಗೇ ಹೋಗಲಿಲ್ಲ. ಮೂಲದ ಸಂಭಾಷಣೆಯನ್ನು ಬದಿಗಿಟ್ಟು, ದನಿಯಿಲ್ಲದ ಚಿತ್ರವನ್ನು ನೋಡಿ, ಗೊಂಬೆಯು ತಲೆಯಾಡಿಸಿದ್ದೇಕೆ, ತಿರುಗಿ ನಡೆದದ್ದೇಕೆ ಎಂದು ತಾನೇ ಊಹಿಸಿ, ಆ ಚಲನೆಗೆ ಒಪ್ಪುವ ಬೇರೊಂದು ಕಥೆಯನ್ನೇ ಹೆಣೆದನು. ಪೊಲಕ್ಸನು ಡೂಗಲನಾದನು: ಸಕ್ಕರೆಯ ಚೂರಿಗೆ ಪ್ರಾಣ ಬಿಡುವ, ಗೊಣಗುವ, ತನ್ನ ಘನತೆಗೆ ಎಲ್ಲಿ ಕುಂದು ಬಂದೀತೋ ಎಂದು ಕಳವಳಿಸುವ ನಡುವಯಸ್ಸಿನ ಗೃಹಸ್ಥನಂಥವನು. ಮೊಲಕ್ಕೆ ಡಿಲನ್, ಬಸವನಹುಳುವಿಗೆ ಬ್ರಯನ್, ಹಸುವಿಗೆ ಅರ್ಮಿಂಟ್ರೂಡ್ ಎಂದು ನಾಮಕರಣವಾಯಿತು. ಇವರೆಲ್ಲರಿಗೂ ಆತನೊಬ್ಬನದೇ ದನಿ. ವೇಷ ಹಾಕಿದ ಕಿರುದನಿಯಲ್ಲ, ತುಸುವೇ ಬಾಗಿದ ಸ್ವಂತ ದನಿ. ಮಕ್ಕಳಿಗೆಂದು ಮಾತನ್ನು ಮೊಟಕಿಸಲಿಲ್ಲ. ಅರ್ಥವಾಗದ ಪದವೊಂದು ಬಂದರೆ ಮಗು ಅದನ್ನು ದಾಟಿಕೊಂಡು ಮುನ್ನಡೆಯಬಲ್ಲದು ಎಂಬ ಗೌರವವು ಆ ಬರಹದ ಉದ್ದಕ್ಕೂ ಇದೆ. ಮಕ್ಕಳ ಸಾಹಿತ್ಯಕ್ಕೆ ಇದಕ್ಕಿಂತ ದೊಡ್ಡ ಸೇವೆಯನ್ನು ನಾನರಿಯೆ.

ಸಂಜೆಯ ವಾರ್ತೆಗೆ ಮುಂಚಿನ ಐದು ನಿಮಿಷ ಈ ಪ್ರಸಾರಕ್ಕೆ ಮೀಸಲಾಗಿತ್ತು. ಕೆಲಸದಿಂದ ಮರಳಿದ ತಂದೆ, ವಾರ್ತೆಗೆ ಕಾಯುವ ಅಜ್ಜ ಎಲ್ಲರೂ ಮಗುವಿನ ಪಕ್ಕದಲ್ಲಿ ಕುಳಿತುಬಿಡುವರು. 1966ರಲ್ಲಿ ವೇಳೆಯನ್ನು ಹಿಂದಕ್ಕೆ ಸರಿಸಿದಾಗ, ಆಕ್ಷೇಪದ ದನಿಯೆದ್ದದ್ದು ಮುಖ್ಯವಾಗಿ ದೊಡ್ಡವರಿಂದಲೇ! ಹಳೆಯ ವೇಳೆಯನ್ನು ಮರಳಿ ಕೊಡಲೇಬೇಕಾಯಿತು.

ರಂಗಭೂಮಿಯನ್ನು ಆತನು ತೊರೆದವನಲ್ಲ. ಅಲನ್ ಏಕ್‌ಬೋರ್ನನ ‘ದ ನಾರ್ಮನ್ ಕಾಂಕ್ವೆಸ್ಟ್ಸ್’ ನಾಟಕತ್ರಯವನ್ನು ಲಂಡನ್ನಿನಲ್ಲಿ ನಿರ್ದೇಶಿಸಿದವನು ಈತನೇ. ಗೊಂಬೆಗಳ ಪ್ರಸಾರವು 1977ರವರೆಗೆ ನಡೆಯಿತು. 1982ರ ನವೆಂಬರಿನಲ್ಲಿ, 53ನೆಯ ವಯಸ್ಸಿನಲ್ಲಿ, ಥಾಂಪ್ಸನ್ನನು ತೀರಿಕೊಂಡನು. ಆತನ ಹೆಣ್ಣುಮಕ್ಕಳಾದ ಎಮಾ ಮತ್ತು ಸೋಫಿ ಮುಂದೆ ನಟಿಯರಾದರು. ಆತನು ದನಿಗೊಡದೆ ಉಳಿದಿದ್ದ ಕೆಲವು ಕಂತುಗಳು ಹತ್ತು ವರ್ಷಗಳ ಅನಂತರ ಬೇರೊಂದು ವಾಹಿನಿಯಲ್ಲಿ ಬಂದಾಗ, ನೈಜೆಲ್ ಪ್ಲೇನರ್ ಎಂಬ ನಟನು ಮಾತು ಜೋಡಿಸಿದನು. ಆಗಲೂ ಮೊಲವು ಡಿಲನ್ನನೇ, ಬಸವನಹುಳು ಬ್ರಯನ್ನನೇ, ಸಕ್ಕರೆಗೆ ಹಾತೊರೆಯುವ ಆ ನಾಯಿಯು ಡೂಗಲನೇ ಆಗಿದ್ದನು.