ಜಯಮ್ಮನವರ ಗಂಟಲು

ಕೊಳ್ಳೇಗಾಲದ ಕಡೆ ಸಿನಿಮಾ ಅಂದ್ರೆ ರಾಜ್‌ಕುಮಾರ್. ಅವರಪ್ಪ ಪುಟ್ಟಸ್ವಾಮಯ್ಯನವರ ಸಿಂಗಾನಲ್ಲೂರು ಇಲ್ಲೇ ಹತ್ತಿರ. ಪುಟ್ಟಸ್ವಾಮಯ್ಯ ಬಣ್ಣ ಹಚ್ಚಿದ್ದು ಗುಬ್ಬಿ ಕಂಪನಿಯಲ್ಲಿ. ಅದೇ ಕಂಪನಿಯ ನಾಯಕಿ ಬಿ. ಜಯಮ್ಮನವರನ್ನು ಮಾತ್ರ ನಾವು ಮರೆತೇಬಿಟ್ಟಿದ್ದೀವಿ.

ಕಂಪನಿ ನಾಟಕ ಅಂದ್ರೆ ನಮ್ಮ ಆಪೆರಾನೇ. ಮಾತಿಗಿಂತ ಹಾಡು ಮುಂದು. ಜನ ‘ಒನ್ಸ್ ಮೋರ್’ ಅಂದ್ರೆ ಸತ್ತುಬಿದ್ದವನೂ ಎದ್ದು ಹಾಡಬೇಕು! ಮೈಕಿಲ್ಲದೆ ಕೊನೇ ಸಾಲಿಗೂ ಮುಟ್ಟುತ್ತಿದ್ದ ಆ ಗಂಟಲನ್ನೇ ಜಯಮ್ಮ ಸಿನಿಮಾಕ್ಕೂ ತಂದರು. 1946ರ ‘ಹೇಮರೆಡ್ಡಿ ಮಲ್ಲಮ್ಮ’ದಲ್ಲಿ ಮಲ್ಲಮ್ಮ ಅವರೇ.

1954ರಲ್ಲಿ ಕಂಪನಿಯ ‘ಬೇಡರ ಕಣ್ಣಪ್ಪ’ ತೆರೆಗೆ ಬಂತು. ನಾಯಕ ಪುಟ್ಟಸ್ವಾಮಯ್ಯನವರ ಮಗ, ನಾಯಕಿ ಪಂಢರಿಬಾಯಿ. ಅಷ್ಟರಲ್ಲಿ ಹಿನ್ನೆಲೆ ಗಾಯನ ಬಂದಿತ್ತು. ಹರಿಕಥೆ ಹೇಳಿ ಪಳಗಿದ್ದ ಪಂಢರಿಬಾಯಿ, ನಾಟಕದಲ್ಲಿ ಹಾಡುತ್ತಿದ್ದ ರಾಜ್‌ಕುಮಾರ್, ಇಬ್ಬರೂ ಬೇರೆಯವರ ದನಿಗೆ ತುಟಿಯಾಡಿಸಿದರು. ರಾಜ್‌ಕುಮಾರ್ ಖಾಯಂ ಆಗಿ ತಾವೇ ಹಾಡತೊಡಗಿದ್ದು 1974ರ ‘ಸಂಪತ್ತಿಗೆ ಸವಾಲ್’ ಆದಮೇಲೆ. ಅಷ್ಟು ಹೊತ್ತಿಗೆ ಜಯಮ್ಮ ತಾಯಿ ಪಾತ್ರಗಳಿಗೆ ಸರಿದಿದ್ದರು.