ಒಕ್ಕಲೆದ್ದ ಕಣಿವೆಗಳು: ಸದರ್ಲೆಂಡಿನ ನೆಲ, ನುಡಿ, ನೆನಪು

ಬ್ರಿಟನ್ನಿನ ಭೂಪಟದಲ್ಲಿ ಮುಖ್ಯಭೂಮಿಯ ವಾಯವ್ಯ ತುದಿಯನ್ನು ಆವರಿಸಿರುವ ಪ್ರಾಂತ್ಯಕ್ಕೆ ಸದರ್ಲೆಂಡ್ ಎಂದು ಹೆಸರು. ಅದರ ಅರ್ಥ ‘ದಕ್ಷಿಣದ ನಾಡು’. ಉತ್ತರದ ತುದಿಗೆ ದಕ್ಷಿಣದ ಹೆಸರು ಬಂದದ್ದು ಕಂಡವರ ಕಣ್ಣಿನಿಂದ. ಸಾವಿರ ವರ್ಷಗಳ ಹಿಂದೆ ಆರ್ಕ್ನಿ ದ್ವೀಪಗಳಲ್ಲಿ ನೆಲೆನಿಂತಿದ್ದ ನಾರ್ಸ್ ಜನರಿಗೆ ಇದು ತೆಂಕಣ ದಿಕ್ಕಿನ ಸೀಮೆಯಾಗಿತ್ತು. ನೆಲದ ಹೆಸರು ನೆಲದ ಗುಣಕ್ಕಿಂತ ಹೆಚ್ಚಾಗಿ ನೋಡಿದವರ ನಿಲುವನ್ನು ಹೇಳುತ್ತದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಗುವುದು ಕಷ್ಟ.

ಸುಮಾರು 5,200 ಚದರ ಕಿಲೋಮೀಟರ್ ವಿಸ್ತಾರದ ಈ ಪ್ರಾಂತ್ಯದಲ್ಲಿ ಇಂದು ವಾಸಿಸುವವರು ಹದಿಮೂರು ಸಾವಿರದಷ್ಟು ಮಂದಿ ಮಾತ್ರ. ಪ್ರವಾಸಿಗರು ಇಲ್ಲಿನ ಬೆಟ್ಟ, ಸರೋವರ, ಜೌಗು ಬಯಲುಗಳನ್ನು ಕಂಡು ಮನುಷ್ಯ ಮುಟ್ಟದ ನಿಸರ್ಗವೆಂದು ಬೆರಗಾಗುತ್ತಾರೆ. ಆದರೆ ಸ್ಟ್ರಾತ್‌ನೇವರ್ ಕಣಿವೆಯಲ್ಲಿ ಹೊಳೆಯ ಗುಂಟ ನಡೆದರೆ ಹುಲ್ಲಿನ ನಡುವೆ ಸಾಲುಗಟ್ಟಿದ ಕಲ್ಲಿನ ಅಡಿಪಾಯಗಳು ಕಾಣುತ್ತವೆ. ಒಂದು ಕಾಲದಲ್ಲಿ ಉತ್ತ ನೆಲದ ಏರಿಳಿತಗಳು ಇಳಿಬಿಸಿಲಿನಲ್ಲಿ ಎದ್ದು ತೋರುತ್ತವೆ. ಇಲ್ಲಿನ ನಿರ್ಜನತೆ ನಿಸರ್ಗದ ಕೊಡುಗೆಯಲ್ಲ. ಅದಕ್ಕೆ ತಾರೀಖುಗಳಿವೆ, ಲೆಕ್ಕಪತ್ರಗಳಿವೆ, ಸಹಿ ಹಾಕಿದವರ ಹೆಸರುಗಳಿವೆ.

ಈ ನೆಲದ ಪರಂಪರೆ ಬಹು ಪದರಗಳದ್ದು. ಸ್ಟ್ರಾತ್‌ನೇವರಿನ ಕೆಳಭಾಗದಲ್ಲಿರುವ ಕೋಯ್ಲ್ ನ ಬೋರ್ಗಿಯ ಸಮಾಧಿ ದಿಬ್ಬಗಳು ನವಶಿಲಾಯುಗದವು. ಗಾಲ್ಸ್ಪಿಯ ಬಳಿ ಕಡಲಿಗೆ ಮುಖಮಾಡಿ ನಿಂತ ಕಾರ್ನ್ ಲೀಯ, ಗಾರೆಯಿಲ್ಲದೆ ಕಟ್ಟಿದ ಕಬ್ಬಿಣಯುಗದ ದುಂಡು ಗೋಪುರದ ಅವಶೇಷ. ಫಾರ್ ಎಂಬ ಹಳ್ಳಿಯ ಚರ್ಚಿನಂಗಳದಲ್ಲಿ ಹೆಣಿಗೆಯ ಚಿತ್ತಾರಗಳುಳ್ಳ ಪ್ರಾಚೀನ ಶಿಲುಬೆಗಲ್ಲೊಂದು ನಿಂತಿದೆ. ಡಾರ್ನೊಕ್‌ನ ಪ್ರಧಾನ ಚರ್ಚು ಹದಿಮೂರನೆಯ ಶತಮಾನದ್ದು. ಕಲ್ಲಿನಲ್ಲಿ ಉಳಿದ ಈ ಪರಂಪರೆಯ ಜೊತೆಗೆ ನಾಲಿಗೆಯಲ್ಲಿ ಉಳಿದ ಪರಂಪರೆಯೂ ಇತ್ತು. 1714ರಲ್ಲಿ ಹುಟ್ಟಿದ ರಾಬ್ ಡಾನ್ ಮೆಕೈ ಅಕ್ಷರ ಬಾರದ ದನಗಾಹಿ. ಆದರೂ ಗೇಲಿಕ್ ಭಾಷೆಯ ಹಿರಿಯ ಕವಿಗಳಲ್ಲಿ ಅವನೊಬ್ಬ. ಊರಿನ ಮದುವೆ, ಸಾವು, ಜಿಪುಣತನ, ಧಣಿಗಳ ದರ್ಪ ಎಲ್ಲವೂ ಅವನ ಹಾಡಿಗೆ ವಸ್ತುವಾದವು. ಅವನು ತೀರಿಕೊಂಡದ್ದು 1778ರಲ್ಲಿ. ಹಾಡುಗಳು ಅಚ್ಚಾದದ್ದು 1829ರಲ್ಲಿ. ಅಷ್ಟರಲ್ಲಿ ಆ ಹಾಡುಗಳನ್ನು ಕೇಳಿ ಬೆಳೆದಿದ್ದ ಎಷ್ಟೋ ಊರುಗಳು ಇಲ್ಲವಾಗಿದ್ದವು.

ಆ ಊರುಗಳ ಬದುಕು ಸಮೃದ್ಧಿಯದಾಗಿತ್ತೆಂದು ಭಾವಿಸಬೇಕಿಲ್ಲ. ಕಣಿವೆಯ ತಗ್ಗಿನಲ್ಲಿ ಓಟ್ಸ್, ಬಾರ್ಲಿ. ಬೇಸಿಗೆಯಲ್ಲಿ ದನಗಳೊಂದಿಗೆ ಮೇಲಣ ಹುಲ್ಲುಗಾವಲಿನ ಗುಡಿಸಲುಗಳಿಗೆ ವಲಸೆ. ಕಪ್ಪು ದನಗಳನ್ನು ಮಾರಿ ಬಂದ ಹಣದಲ್ಲಿ ಗೇಣಿ. ಕೆಟ್ಟ ವರ್ಷಗಳಲ್ಲಿ ಹಸಿವು ಬಾಗಿಲಿಗೆ ಬರುತ್ತಿತ್ತು. ಆದರೆ ಈ ವ್ಯವಸ್ಥೆಗೆ ಒಂದು ನೈತಿಕ ಆಧಾರವಿತ್ತು. ಕುಲದ ನಾಯಕ ಕರೆದಾಗ ಗಂಡಸರು ಯುದ್ಧಕ್ಕೆ ಹೋಗಬೇಕು. ಅದಕ್ಕೆ ಪ್ರತಿಯಾಗಿ ನೆಲದ ಮೇಲೆ ಅವರ ವಂಶಕ್ಕೆ ನೆಲೆ ಇರಬೇಕು. ಈ ಒಪ್ಪಂದ ಎಲ್ಲೂ ಬರೆದದ್ದಲ್ಲ. ಜನ ಅದನ್ನು ಹಕ್ಕೆಂದು ನಂಬಿದ್ದರು. ಕಾನೂನಿನ ಕಣ್ಣಿನಲ್ಲಿ ಅವರು ವರ್ಷಾವಧಿಯ ಗೇಣಿದಾರರಷ್ಟೆ.

1746ರ ಕಲೋಡನ್ ಕದನದ ನಂತರ ಹೈಲ್ಯಾಂಡಿನ ಕುಲನಾಯಕರ ನ್ಯಾಯಾಧಿಕಾರವನ್ನು ಸರಕಾರ ಕಿತ್ತುಕೊಂಡಿತು. ಸದರ್ಲೆಂಡಿನ ಮನೆತನ ಸರಕಾರದ ಪರವಾಗಿಯೇ ಇದ್ದಿತಾದರೂ ಬದಲಾವಣೆಯ ಗಾಳಿ ಎಲ್ಲೆಡೆ ಒಂದೇ ಆಗಿತ್ತು. ಯೋಧರ ಅಗತ್ಯ ತಗ್ಗಿದಂತೆ ನಾಯಕನು ಜಮೀನುದಾರನಾದ, ಒಕ್ಕಲು ಆದಾಯದ ಲೆಕ್ಕದಲ್ಲಿ ಒಂದು ಅಂಕಿಯಾಯಿತು. ಶಿಶುವಾಗಿದ್ದಾಗಲೇ ಸಂಸ್ಥಾನಕ್ಕೆ ವಾರಸುದಾರಳಾದ ಕೌಂಟೆಸ್ ಎಲಿಜಬೆತ್, 1785ರಲ್ಲಿ ಇಂಗ್ಲೆಂಡಿನ ಜಾರ್ಜ್ ಲೂಸನ್-ಗೋವರ್‌ನನ್ನು ಮದುವೆಯಾದಳು. ಮುಂದೆ ಕಾಲುವೆ ಸಾರಿಗೆಯ ಅಪಾರ ಆದಾಯವೂ ಅವನಿಗೆ ದಕ್ಕಿ, ಅವನು ಬ್ರಿಟನ್ನಿನ ಅತಿ ಶ್ರೀಮಂತರಲ್ಲಿ ಒಬ್ಬನಾದ. ಫ್ರಾನ್ಸಿನೊಡನೆ ನಡೆಯುತ್ತಿದ್ದ ಯುದ್ಧದಿಂದಾಗಿ ಉಣ್ಣೆಯ ಬೆಲೆ ಏರಿತ್ತು. ಚಳಿಗಾಲವನ್ನು ತಡೆದುಕೊಳ್ಳಬಲ್ಲ ಶೆವಿಯಟ್ ತಳಿಯ ಕುರಿ ಉತ್ತರದ ಬೆಟ್ಟಗಳಲ್ಲಿಯೂ ಬದುಕುತ್ತದೆಂದು ಗೊತ್ತಾಗಿತ್ತು. ಆದರೆ ಚಳಿಗಾಲದಲ್ಲಿ ಕುರಿಗಳಿಗೆ ತಗ್ಗಿನ ಹುಲ್ಲು ಬೇಕು. ಆ ತಗ್ಗಿನಲ್ಲಿಯೇ ಜನರಿದ್ದರು.

ಒಕ್ಕಲೆಬ್ಬಿಸುವ ಕೆಲಸ ಲೇರ್ಗ್ ಮತ್ತು ಫಾರ್ ಕಡೆಗಳಲ್ಲಿ 1807ರಲ್ಲಿ ಮೊದಲಾಯಿತು. 1813ರಲ್ಲಿ ಕಿಲ್ಡೋನನ್ ಕಣಿವೆಯ ಜನ ಪ್ರತಿಭಟಿಸಿದಾಗ ಸೈನ್ಯವನ್ನು ಕರೆಸಲಾಯಿತು. ಅಲ್ಲಿಂದ ನೂರರಷ್ಟು ಮಂದಿ ಅದೇ ವರ್ಷ ಲಾರ್ಡ್ ಸೆಲ್ಕರ್ಕ್‌ನ ವಸಾಹತಿಗೆಂದು ಹಡಗು ಹತ್ತಿದರು. ದಾರಿಯಲ್ಲಿ ಜ್ವರಕ್ಕೆ ಕೆಲವರು ಬಲಿಯಾದರು. ಉಳಿದವರು ಹಡ್ಸನ್ ಕೊಲ್ಲಿಯ ಹಿಮದಲ್ಲಿ ಚಳಿಗಾಲ ಕಳೆದು ಕೆನಡಾದ ಕೆಂಪುನದಿಯ ದಡ ಸೇರಿದರು. ಇಂದಿನ ವಿನಿಪೆಗ್ ನಗರದಲ್ಲಿ ಕಿಲ್ಡೋನನ್ ಎಂಬ ಹೆಸರು ಉಳಿದಿರುವುದು ಅವರಿಂದ.

1814ರಲ್ಲಿ ಸ್ಟ್ರಾತ್‌ನೇವರಿನ ಸರದಿ ಬಂತು. ಅದನ್ನು ನಡೆಸಿದವನು ಪ್ಯಾಟ್ರಿಕ್ ಸೆಲ್ಲರ್. ವಕೀಲಿ ಓದಿದ್ದ ಈತ ಎಸ್ಟೇಟಿನ ಪಾರುಪತ್ಯಗಾರ; ತೆರವಾಗಲಿದ್ದ ಕಣಿವೆಯ ಕುರಿ ಹುಲ್ಲುಗಾವಲನ್ನು ಗುತ್ತಿಗೆ ಹಿಡಿದವನೂ ಅವನೇ. ಒಕ್ಕಲೆಬ್ಬಿಸುವ ಅಧಿಕಾರ, ಅದರಿಂದಾಗುವ ಲಾಭ ಎರಡೂ ಒಬ್ಬನ ಕೈಯಲ್ಲಿದ್ದವು. ವಸಂತದಲ್ಲಿಯೇ ಬೆಟ್ಟದ ಹುಲ್ಲು ಪೊದೆಗಳಿಗೆ ಬೆಂಕಿಯಿಟ್ಟದ್ದರಿಂದ ಜನರ ದನಗಳಿಗೆ ಮೇವಿಲ್ಲವಾಯಿತು. ಜೂನ್ ತಿಂಗಳಲ್ಲಿ ಮನೆಗಳ ಚಾವಣಿ ಕಿತ್ತು ತೊಲೆಗಳನ್ನು ಸುಡಲಾಯಿತು. ಮರವೇ ವಿರಳವಾದ ಆ ಸೀಮೆಯಲ್ಲಿ ತೊಲೆ ಸುಟ್ಟರೆ ಮತ್ತೆ ಮನೆ ಕಟ್ಟುವುದು ಅಸಾಧ್ಯ. ಬ್ಯಾಡಿನ್‌ಲೊಸ್ಕಿನ್ ಎಂಬಲ್ಲಿ ನೂರರ ಸಮೀಪದ ಹಾಸಿಗೆ ಹಿಡಿದ ವೃದ್ಧೆ ಮಾರ್ಗರೆಟ್ ಮೆಕೈಯನ್ನು ಉರಿಯುವ ಮನೆಯಿಂದ ಹೊರಕ್ಕೆ ಎತ್ತಿ ತರಲಾಯಿತು. ಐದು ದಿನಗಳಲ್ಲಿ ಆಕೆ ತೀರಿಕೊಂಡಳು. ಸೆಲ್ಲರ್‌ನನ್ನು ಬಂಧಿಸಿ 1816ರಲ್ಲಿ ಇನ್ವರ್ನೆಸ್‌ನಲ್ಲಿ ವಿಚಾರಣೆ ನಡೆಸಲಾಯಿತು. ಜ್ಯೂರಿಯಲ್ಲಿದ್ದವರು ಬಹುತೇಕ ಭೂಮಾಲೀಕರೇ. ಅವನು ನಿರ್ದೋಷಿಯೆಂದು ಬಿಡುಗಡೆಯಾದ. ಅವನನ್ನು ಬಂಧಿಸಿದ್ದ ಅಧಿಕಾರಿ ಹುದ್ದೆ ಕಳೆದುಕೊಂಡ. 1819ರಲ್ಲಿ ಇನ್ನೂ ದೊಡ್ಡ ಪ್ರಮಾಣದಲ್ಲಿ ಕಣಿವೆ ಖಾಲಿಯಾಯಿತು.

ಈ ಘಟನೆಗಳಿಗೆ ಇಂಗ್ಲಿಷಿನಲ್ಲಿ ‘ಕ್ಲಿಯರೆನ್ಸ್’ ಎನ್ನುತ್ತಾರೆ. ಕಳೆ ಕಿತ್ತು ನೆಲ ಹಸನು ಮಾಡಿದಂತೆ ಕೇಳುವ ಮಾತು ಅದು. ಗೇಲಿಕ್ ಭಾಷಿಕರ ‘ಫುಅದಾಖ್’ ಎಂಬ ಪದದಲ್ಲಿ ಓಡಿಸಲ್ಪಟ್ಟ ಮನುಷ್ಯನಿದ್ದಾನೆ. ಕನ್ನಡದ ‘ಒಕ್ಕಲೆಬ್ಬಿಸು’ ಎಂಬುದು ಈ ಎರಡನೆಯ ಪದಕ್ಕೆ ಹತ್ತಿರ: ಅದರಲ್ಲಿ ಒಕ್ಕಲೂ ಇದೆ, ಎಬ್ಬಿಸುವ ಕೈಯೂ ಇದೆ.

ಭೂಮಾಲೀಕರ ವಾದವನ್ನೂ ಕೇಳಬೇಕು. ಎಸ್ಟೇಟಿನ ಆಡಳಿತದ ಹೊಣೆ ಹೊತ್ತಿದ್ದ ಜೇಮ್ಸ್ ಲಾಕ್ 1820ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ಇದೆಲ್ಲವೂ ಸುಧಾರಣೆಯೆಂದು ವಿವರಿಸಿದ. ಬರಗಾಲಕ್ಕೆ ಸಿಕ್ಕಿ ನರಳುವ ಜನರನ್ನು ಕಡಲ ತೀರಕ್ಕೆ ತಂದು ಮೀನುಗಾರಿಕೆ ಕಲಿಸುವುದು, ಒಳನಾಡನ್ನು ಉಣ್ಣೆಗೆ ಬಿಡುವುದು ಎಂಬುದು ಯೋಜನೆ. ಅದಕ್ಕಾಗಿ ಹೆಲ್ಮ್ಸ್‌ಡೇಲಿನಲ್ಲಿ ಬಂದರು, ಬ್ರೋರಾದಲ್ಲಿ ಕಲ್ಲಿದ್ದಲು ಗಣಿ, ರಸ್ತೆ, ಸೇತುವೆಗಳಿಗೆ ಸಂಸ್ಥಾನ ದೊಡ್ಡ ಮೊತ್ತ ಖರ್ಚು ಮಾಡಿದ್ದು ನಿಜ. ಜನಸಂಖ್ಯೆ ಏರುತ್ತಿದ್ದುದೂ ನಿಜ. ಎರಿಕ್ ರಿಚರ್ಡ್ಸ್‌ರಂಥ ಇತಿಹಾಸಕಾರರು ಈ ಆರ್ಥಿಕ ಒತ್ತಡಗಳನ್ನು ಗಂಭೀರವಾಗಿ ತೂಗಿ ನೋಡಿದ್ದಾರೆ. ಆದರೆ ತೀರದಲ್ಲಿ ಪ್ರತಿ ಕುಟುಂಬಕ್ಕೆ ಕೊಟ್ಟದ್ದು ಸಾಮಾನ್ಯವಾಗಿ ಎರಡು ಮೂರು ಎಕರೆ ಕಲ್ಲು ನೆಲ. ಅದರಿಂದಲೇ ಹೊಟ್ಟೆ ತುಂಬಬಾರದು, ತುಂಬಿದರೆ ಅವರು ಕಡಲಿಗಿಳಿಯುವುದಿಲ್ಲ ಎಂಬುದೇ ಅದರ ಹಿಂದಿನ ಲೆಕ್ಕ. ಜನರ ಒಳಿತನ್ನು ಜನರನ್ನು ಕೇಳದೆ ನಿರ್ಧರಿಸುವ ಸುಧಾರಣೆಯ ಸ್ವರೂಪ ಇದು.

ಸೋತವರ ಕಡೆಯ ಇತಿಹಾಸವನ್ನು ಬರೆದವನು ರೋಸಾಲ್ ಎಂಬ ಊರಿನ ಕಲ್ಲುಕುಟಿಗ ಡೊನಾಲ್ಡ್ ಮೆಕ್ಲೌಡ್. ಒಂದು ರಾತ್ರಿ ಎತ್ತರದ ಜಾಗವೊಂದರಿಂದ ಉರಿಯುತ್ತಿದ್ದ ಇನ್ನೂರೈವತ್ತು ಮನೆಗಳನ್ನು ಎಣಿಸಿದುದಾಗಿ ಅವನು ದಾಖಲಿಸಿದ. 1840ರ ಸುಮಾರಿಗೆ ಎಡಿನ್‌ಬರೋದ ಪತ್ರಿಕೆಯೊಂದರಲ್ಲಿ ಅವನ ಪತ್ರಗಳು ಬಂದವು. ಗುಲಾಮಗಿರಿಯ ವಿರುದ್ಧ ಕಾದಂಬರಿ ಬರೆದು ಜಗತ್ಪ್ರಸಿದ್ಧಳಾಗಿದ್ದ ಹ್ಯಾರಿಯೆಟ್ ಬೀಚರ್ ಸ್ಟೋ, 1854ರ ತನ್ನ ಪ್ರವಾಸಕಥನದಲ್ಲಿ ಸದರ್ಲೆಂಡ್ ಮನೆತನದ ಸುಧಾರಣೆಗಳನ್ನು ಸಮರ್ಥಿಸಿದಳು. ಅವಳ ಪುಸ್ತಕದ ಹೆಸರಿನಲ್ಲಿ ‘ಬಿಸಿಲ ನೆನಪುಗಳು’ ಇದ್ದವು. ಕೆನಡಾಕ್ಕೆ ವಲಸೆ ಹೋಗಿದ್ದ ಮೆಕ್ಲೌಡ್ 1857ರಲ್ಲಿ ಕೊಟ್ಟ ಉತ್ತರದ ಹೆಸರಿನಲ್ಲಿ ‘ಕವಿದ ನೆನಪುಗಳು’. ಅದಕ್ಕೂ ಮುನ್ನ, 1853ರಲ್ಲಿ, ಕಾರ್ಲ್ ಮಾರ್ಕ್ಸ್ ನ್ಯೂಯಾರ್ಕಿನ ಪತ್ರಿಕೆಯಲ್ಲಿ ಇದೇ ಮನೆತನದ ಗುಲಾಮಗಿರಿ ವಿರೋಧದ ಪೊಳ್ಳುತನವನ್ನು ಎತ್ತಿ ತೋರಿಸಿದ್ದ. ದೂರದ ಅನ್ಯಾಯಕ್ಕೆ ಮರುಗುವವರು ತಮ್ಮ ಅಂಗಳದ ಬೂದಿಯನ್ನು ಕಾಣದೆ ಹೋಗುವುದು ಒಂದು ಕಾಲದ, ಒಂದು ದೇಶದ ರೋಗವಲ್ಲ.

ಈ ಕಥೆಯ ಒಂದು ಎಳೆ ಭಾರತದವರೆಗೆ ಬರುತ್ತದೆ. 1799ರಲ್ಲಿ ಸದರ್ಲೆಂಡಿನ ಒಕ್ಕಲು ಮಕ್ಕಳಿಂದ 93ನೆಯ ಹೈಲ್ಯಾಂಡರ್ಸ್ ಪಡೆಯನ್ನು ಕಟ್ಟಲಾಯಿತು. ಸೈನ್ಯ ಸೇರಿದರೆ ಮನೆಯವರ ನೆಲ ಭದ್ರವೆಂಬ ನಂಬಿಕೆ ಅದರ ಹಿಂದಿತ್ತು. ಊರಿನಲ್ಲಿ ಮನೆಗಳು ತೆರವಾಗುತ್ತಿದ್ದ ಕಾಲದಲ್ಲಿಯೇ, 1815ರ ಆರಂಭದಲ್ಲಿ, ಆ ಪಡೆ ಅಮೆರಿಕದ ನ್ಯೂ ಆರ್ಲಿಯನ್ಸಿನಲ್ಲಿ ಅಪಾರ ಸಾವುನೋವು ಅನುಭವಿಸಿತು. 1857ರ ನವೆಂಬರಿನಲ್ಲಿ ಲಖನೌದ ಸಿಕಂದರ್ ಬಾಗಿಗೆ ನುಗ್ಗಿ, ಸುಮಾರು ಎರಡು ಸಾವಿರ ಭಾರತೀಯ ಸಿಪಾಯಿಗಳ ಹತ್ಯೆಯಲ್ಲಿ ಮುಂಚೂಣಿಯಲ್ಲಿದ್ದ ಪಡೆಗಳಲ್ಲಿ ಅದೂ ಒಂದು. ಆ ವೇಳೆಗೆ ಪಡೆಯಲ್ಲಿ ಸ್ಕಾಟ್ಲೆಂಡಿನ ಬೇರೆ ಭಾಗದವರೂ ಸೇರಿದ್ದರು. ಆದರೂ ಸಾಮ್ರಾಜ್ಯದ ಮನೆಯಂಗಳದಲ್ಲಿ ನೆಲೆ ಕಳೆದುಕೊಂಡವರ ಹೆಸರು ಹೊತ್ತ ಪಡೆಯೇ ಸಾಮ್ರಾಜ್ಯದ ತೋಳಾಗಿ ಇನ್ನೊಂದು ನೆಲಕ್ಕೆ ಬಂತೆಂಬುದನ್ನು ಮರೆಯಲಾಗದು. ಸಂತ್ರಸ್ತರ ಇತಿಹಾಸ ಯಾವಾಗಲೂ ನಿರ್ಮಲವಾಗಿ ಇರುವುದಿಲ್ಲ.

ಕಾನೂನು ಜನರತ್ತ ತಿರುಗಲು ಎರಡು ತಲೆಮಾರು ಬೇಕಾಯಿತು. 1883ರಲ್ಲಿ ನೇಪಿಯರ್ ಆಯೋಗ ಹೈಲ್ಯಾಂಡಿನ ಊರೂರಿಗೆ ಬಂದು ಸಾಕ್ಷ್ಯ ಕೇಳಿತು. ಕೌಂಟೆಸ್‌ಳ ಹೆಸರನ್ನೇ ಹೊತ್ತ ಬೆಟ್ಟಿಹಿಲ್ ಎಂಬ ಊರಿನಲ್ಲಿ, ಬಾಲ್ಯದಲ್ಲಿ ಸ್ಟ್ರಾತ್‌ನೇವರಿನಿಂದ ಹೊರಟು ಬಂದಿದ್ದ ವೃದ್ಧರು ಮೊದಲ ಬಾರಿಗೆ ಸರಕಾರದ ಎದುರು ಬಾಯಿ ತೆರೆದರು. 1886ರ ಕಾಯಿದೆ ಕ್ರಾಫ್ಟ್ ಎಂದು ಕರೆಯುವ ಸಣ್ಣ ಹಿಡುವಳಿಗಳ ಗೇಣಿದಾರರಿಗೆ ಭದ್ರತೆ, ನ್ಯಾಯವಾದ ಗೇಣಿ, ಮಕ್ಕಳಿಗೆ ಹಿಡುವಳಿ ದಾಟಿಸುವ ಹಕ್ಕು ಕೊಟ್ಟಿತು. ಕಳೆದುಹೋದ ಕಣಿವೆಗಳನ್ನು ಅದು ಹಿಂದಿರುಗಿಸಲಿಲ್ಲ.

ನೆಲದ ನಂತರ ಹೋದದ್ದು ನುಡಿ. ಪೂರ್ವ ತೀರದ ಬ್ರೋರಾ, ಗಾಲ್ಸ್ಪಿ, ಎಂಬೋ ಊರುಗಳಲ್ಲಿ ಮೀನುಗಾರರಾದವರು ಬೇರೆಯೇ ಕೇರಿಗಳಲ್ಲಿ ಬದುಕಿದರು. ಸುತ್ತಲ ಜನ ಅವರನ್ನು ಕೀಳಾಗಿ ಕಂಡರು. ಆ ಅಂತರದ ಕಾರಣದಿಂದಲೇ ಅವರಲ್ಲಿ ಗೇಲಿಕ್ ಬಹುಕಾಲ ಉಳಿಯಿತು. ಮೀನುಗಾರಿಕೆ ಕುಸಿದು, ಅಂತರ ಕಡಿಮೆಯಾದಾಗ ನುಡಿಯೂ ಜಾರಿತು. 1963ರಿಂದ ಅಲ್ಲಿ ಕ್ಷೇತ್ರಕಾರ್ಯ ಮಾಡಿದ ಅಮೆರಿಕದ ಭಾಷಾವಿಜ್ಞಾನಿ ನ್ಯಾನ್ಸಿ ಡೋರಿಯನ್ ಕಂಡದ್ದು ಇನ್ನೂರು ಚಿಲ್ಲರೆ ಭಾಷಿಕರನ್ನು. 1981ರ ಅವರ ಗ್ರಂಥ ಭಾಷೆಯೊಂದು ಸಾಯುವ ಬಗೆಯನ್ನು ಹೆಜ್ಜೆಹೆಜ್ಜೆಯಾಗಿ ದಾಖಲಿಸಿದೆ. ಅದರಲ್ಲಿ ಬರುವ ‘ಅರೆಭಾಷಿಕ’ ಎಂಬ ಪರಿಕಲ್ಪನೆ ಹೊರನಾಡಿನ ಕನ್ನಡಿಗರು ಗಮನಿಸಬೇಕಾದದ್ದು. ಅಜ್ಜಿಯ ಮಾತೆಲ್ಲ ಅರ್ಥವಾಗುತ್ತದೆ, ಹಾಸ್ಯಕ್ಕೆ ಸರಿಯಾದ ಗಳಿಗೆಯಲ್ಲಿ ನಗು ಬರುತ್ತದೆ, ತಾನೇ ಆಡಹೊರಟರೆ ವಾಕ್ಯ ತೊಡರುತ್ತದೆ. ಇಂಥವರನ್ನು ಡೋರಿಯನ್ ಭಾಷೆಯ ಬಳಗದೊಳಗೇ ಎಣಿಸಿದರು. ಮುಂಬಯಿಯಲ್ಲೋ ಚೆನ್ನೈಯಲ್ಲೋ ಬೆಳೆದ ನಮ್ಮ ಮಕ್ಕಳನ್ನು ‘ಕನ್ನಡ ಬಾರದವರು’ ಎಂದು ತಳ್ಳಿಹಾಕುವ ಮುನ್ನ ಈ ವಿವೇಕ ನಮಗೂ ಬೇಕು.

ಇತ್ತೀಚಿನ ದಶಕಗಳಲ್ಲಿ ಎರಡು ತಿರುವುಗಳು ಕಂಡಿವೆ. 1993ರಲ್ಲಿ ಪಶ್ಚಿಮ ತೀರದ ಆಸಿಂಟ್ ಭಾಗದ ಗೇಣಿದಾರರು ಒಗ್ಗೂಡಿ, ದೇಣಿಗೆ ಸಂಗ್ರಹಿಸಿ, ತಾವು ದುಡಿಯುತ್ತಿದ್ದ ಸುಮಾರು 21,000 ಎಕರೆ ಎಸ್ಟೇಟನ್ನು ಮೂರು ಲಕ್ಷ ಪೌಂಡಿಗೆ ಕೊಂಡುಕೊಂಡರು. ಸ್ಕಾಟ್ಲೆಂಡಿನ ಊರ ಸಮುದಾಯಗಳು ನೆಲ ಕೊಳ್ಳುವ ಚಳವಳಿಗೆ ಅದು ಬಲ ತಂದಿತು. 2003ರಲ್ಲಿ ಭೂಸುಧಾರಣಾ ಕಾಯಿದೆಯೂ ಬಂತು. ಎರಡನೆಯದು, ಸದರ್ಲೆಂಡ್ ಹಾಗೂ ನೆರೆಯ ಕೇತ್ನೆಸ್‌ನಲ್ಲಿ ಹರಡಿರುವ ‘ಫ್ಲೋ ಕಂಟ್ರಿ’ ಎಂಬ ಪೀಟ್ ಜೌಗುನೆಲಕ್ಕೆ ದೊರೆತ ಮನ್ನಣೆ. ಸಾವಿರಾರು ವರ್ಷಗಳಿಂದ ಪಾಚಿ ಕೊಳೆಯದೆ ಪದರಗಟ್ಟಿ ಇಂಗಾಲವನ್ನು ಹಿಡಿದಿಟ್ಟ ಈ ಬಯಲನ್ನು ವಿಶ್ವ ಪರಂಪರೆಯ ತಾಣವೆಂದು ಯುನೆಸ್ಕೊ ಸಮಿತಿ ಘೋಷಿಸಿದ್ದು 2024ರ ಜುಲೈಯಲ್ಲಿ, ನಮ್ಮ ದೆಹಲಿಯಲ್ಲಿ ನಡೆದ ಅಧಿವೇಶನದಲ್ಲಿ.

ಜೌಗುನೆಲವನ್ನು ಕಾಪಾಡುವುದು ಸರಿಯಾದ ಕೆಲಸವೇ. ಆದರೆ ಪರಂಪರೆ ಎಂದಾಗ ಪಾಚಿಯ ಪದರಗಳ ಜೊತೆಗೆ ರೋಸಾಲಿನ ಸುಮಾರು ಎಪ್ಪತ್ತು ಕಟ್ಟಡಗಳ ಕಲ್ಲುಗಳೂ ಆ ಲೆಕ್ಕದಲ್ಲಿರಬೇಕು. ಗಾಲ್ಸ್ಪಿಯ ಮೇಲಣ ಬೆನ್ ವ್ರಾಗಿ ಬೆಟ್ಟದ ನೆತ್ತಿಯಲ್ಲಿ ಮೊದಲ ಡ್ಯೂಕನ ದೈತ್ಯ ಪ್ರತಿಮೆ 1837ರಿಂದ ನಿಂತಿದೆ. ಅದನ್ನು ಕೆಡವಬೇಕೆಂಬ ಕೂಗು ಆಗಾಗ ಏಳುತ್ತದೆ. ಇರಲಿ, ಅದೂ ಸಾಕ್ಷಿಯೇ ಎನ್ನುವವರೂ ಇದ್ದಾರೆ. ಉತ್ತರ ತೀರದಲ್ಲಿ, ಫಾರ್‌ನ ಹಳೆಯ ಚರ್ಚನ್ನು ಊರಿನವರೇ ಸ್ಟ್ರಾತ್‌ನೇವರ್ ವಸ್ತುಸಂಗ್ರಹಾಲಯವಾಗಿ ಮಾಡಿಕೊಂಡಿದ್ದಾರೆ. ಪ್ರತಿಮೆಯನ್ನು ಮೂವತ್ತು ಕಿಲೋಮೀಟರ್ ದೂರದಿಂದಲೂ ನೋಡಬಹುದು. ಸಂಗ್ರಹಾಲಯವನ್ನು ನೋಡಬೇಕಾದರೆ ಹತ್ತಿರ ಹೋಗಿ, ಬಾಗಿಲು ದಾಟಿ ಒಳಗೆ ಹೆಜ್ಜೆಯಿಡಬೇಕು.