ಅರಸನ ಚಿತ್ರಗಳೇ ಅರಸನ ವಿರುದ್ಧ ಸಾಕ್ಷಿ

ಶ್ರೀರಂಗಪಟ್ಟಣದ ದರಿಯಾ ದೌಲತ್‌ನ ಪಶ್ಚಿಮ ಗೋಡೆಯ ಮೇಲೆ 1780ರ ಪೊಳ್ಳಿಲೂರು ಕದನದ ಚಿತ್ರವಿದೆ. ಅದನ್ನು ಬರೆಸಿದವನು ಟಿಪ್ಪು ಸುಲ್ತಾನ. ಚಿತ್ರದಲ್ಲಿ ಮೈಸೂರಿನ ಸೇನೆ ಮೆರೆಯುತ್ತದೆ. ಸೋತ ಕರ್ನಲ್ ಬೇಯ್ಲಿ ಪಲ್ಲಕ್ಕಿಯಲ್ಲಿ ಕುಳಿತಿದ್ದಾನೆ. ಬರೆಸಿದವನ ಮಾತನ್ನೇ ಚಿತ್ರವೂ ಆಡುವುದು ಸಹಜ. ಆದರೆ ಅರಸನೇ ತೆಗೆಸಿದ ಚಿತ್ರಗಳು ಅವನ ವಿರುದ್ಧ ಸಾಕ್ಷಿ ನುಡಿಯಬಲ್ಲವೆ? ನುಡಿಯಬಲ್ಲವು ಎಂದು ತೋರಿಸಿದವರು ಸೋವಿಯತ್ ಒಕ್ಕೂಟದ ಚಲನಚಿತ್ರ ಸಂಕಲನಕಾರ್ತಿ ಎಸ್ಫಿರ್ ಶುಬ್ (1894–1959).

ಶುಬ್ 1922ರಲ್ಲಿ ಮಾಸ್ಕೋದ ಸರ್ಕಾರಿ ಚಿತ್ರಸಂಸ್ಥೆ ಗೋಸ್ಕಿನೊ ಸೇರಿದರು. ಅದು ಮೂಕಿಚಿತ್ರಗಳ ಕಾಲ. ವಿದೇಶಗಳಿಂದ ಬಂದ ಚಿತ್ರಗಳನ್ನು ಕತ್ತರಿಸಿ, ಹೊಸ ಬರಹಫಲಕಗಳನ್ನು ಸೇರಿಸಿ, ಸೋವಿಯತ್ ಪ್ರೇಕ್ಷಕರಿಗೆ ಒಪ್ಪುವಂತೆ ಮರುಜೋಡಿಸುವುದು ಅವರ ಕೆಲಸ. ಜರ್ಮನಿಯ ಫ್ರಿಟ್ಸ್ ಲಾಂಗ್ ನಿರ್ದೇಶನದ 'ಡಾಕ್ಟರ್ ಮಬೂಸೆ' ಚಿತ್ರವನ್ನು 1924ರಲ್ಲಿ ಹೀಗೆ ಮರುಜೋಡಿಸಿದಾಗ ಮೇಜಿನ ಪಕ್ಕದಲ್ಲಿದ್ದ ತರುಣ ಸೆರ್ಗೈ ಐಸೆನ್‌ಸ್ಟೈನ್. ದೃಶ್ಯಗಳ ಕ್ರಮ ಬದಲಾದರೆ ಅರ್ಥವೂ ಬದಲಾಗುತ್ತದೆ ಎಂಬ ಪಾಠ ಇಬ್ಬರಿಗೂ ಅಲ್ಲಿ ಸಿಕ್ಕಿತು.

ರಷ್ಯದ ಕೊನೆಯ ತ್ಸಾರ್ ಎರಡನೆಯ ನಿಕೊಲಾಸ್ ತನ್ನ ಮೆರವಣಿಗೆ, ವಿಹಾರ, ಕುಟುಂಬದ ದೃಶ್ಯಗಳನ್ನು ಚಿತ್ರೀಕರಿಸಿಡುತ್ತಿದ್ದ. ಕ್ರಾಂತಿಯ ನಂತರ ಆ ಸುರುಳಿಗಳು ಹಳೆಯ ವಾರ್ತಾಚಿತ್ರಗಳೊಂದಿಗೆ ಉಗ್ರಾಣಗಳಲ್ಲಿ ಹಾಳಾಗುತ್ತಿದ್ದವು. 1926ರಲ್ಲಿ ಲೆನಿನ್‌ಗ್ರಾಡ್‌ಗೆ ಹೋದ ಶುಬ್ ಅವುಗಳನ್ನು ಹುಡುಕಿ ತೆಗೆದರು. ನೋಡಿದ್ದು ಸುಮಾರು 60,000 ಮೀಟರ್ ಫಿಲ್ಮು. ಶ್ರೀರಂಗಪಟ್ಟಣದಿಂದ ಪಾಂಡವಪುರದ ಮೇಲೆ ನಾಗಮಂಗಲದವರೆಗೆ ಹಾಸಿದರೂ ಮಿಗುವಷ್ಟು! ಅದರಲ್ಲಿ ಉಳಿಸಿಕೊಂಡದ್ದು ಸುಮಾರು 1,500 ಮೀಟರ್ ಮಾತ್ರ.

ಹೀಗೆ ಮೂಡಿದ ಚಿತ್ರ 'ರೊಮಾನೊವ್ ವಂಶದ ಪತನ' (1927). ಅದರ ಒಂದು ಭಾಗದಲ್ಲಿ ಹಡಗಿನ ಅಟ್ಟದ ಮೇಲೆ ಸಿರಿವಂತರು ಕುಣಿದು ಬೆವರು ಒರೆಸಿಕೊಳ್ಳುತ್ತಾರೆ. ಮರುಕ್ಷಣವೇ ಮಣ್ಣು ಅಗೆದು ಬೆವರುವ ರೈತರು ಕಾಣುತ್ತಾರೆ. ಎರಡೂ ನಿಜವಾದ ದೃಶ್ಯಗಳೇ. ಅವನ್ನು ಅಕ್ಕಪಕ್ಕ ಇಟ್ಟದ್ದಷ್ಟೇ ಶುಬ್ ಅವರ ಕೈವಾಡ. ಟೀಕೆ ಇರುವುದೂ ಅಲ್ಲೇ.

ಆದರೆ ಇತರರು ತೆಗೆದ ಫಿಲ್ಮನ್ನು ಜೋಡಿಸಿದವರನ್ನು ಚಿತ್ರದ ಕರ್ತೃ ಎನ್ನಬಹುದೆ? ಚಿತ್ರಸಂಸ್ಥೆ ಆಕೆಗೆ ಕರ್ತೃವಿನ ಹಕ್ಕು ಕೊಡಲು ಒಪ್ಪಲಿಲ್ಲ. ಶುಬ್ ಎದೆಗುಂದಲಿಲ್ಲ. ಅದೇ ವರ್ಷ 'ಮಹಾಮಾರ್ಗ', 1928ರಲ್ಲಿ ಟಾಲ್‌ಸ್ಟಾಯ್ ಕಾಲದ ರಷ್ಯದ ಚಿತ್ರ, 1939ರಲ್ಲಿ ಅಂತರ್ಯುದ್ಧದ ಕುರಿತ 'ಸ್ಪೇನ್' ಬಂದವು.

ಶುಬ್ ಅವರ ಚಿತ್ರಗಳೂ ನಿಷ್ಪಕ್ಷಪಾತವಲ್ಲ. 'ಪತನ'ವು ಫೆಬ್ರವರಿ ಕ್ರಾಂತಿಯ ಹತ್ತನೇ ವರ್ಷದ ನೆನಪಿಗೆಂದು ತಯಾರಾದದ್ದು. ತ್ಸಾರನ ವೈಭವಕ್ಕೆಂದು ತೆಗೆದದ್ದು ಹೊಸ ಆಳ್ವಿಕೆಯ ಸಮರ್ಥನೆಗೆ ಒದಗಿತು. ಹಳೆಯ ತುಣುಕುಗಳನ್ನು ಜೋಡಿಸಿದ ಸಾಕ್ಷ್ಯಚಿತ್ರಗಳು ಇಂದು ಮನೆಮನೆಯ ಟಿ.ವಿ.ಯಲ್ಲಿ ಬರುತ್ತವೆ. ಅವನ್ನು ನೋಡುವಾಗ ಚಿತ್ರೀಕರಿಸಿದವರು ಯಾರು ಎಂಬುದರ ಜೊತೆಗೆ ಜೋಡಿಸಿದವರು ಯಾರು, ಯಾರಿಗಾಗಿ ಎಂದೂ ಕೇಳಬೇಕಾಗುತ್ತದೆ.